ಹಾಡಿನ ನಡುವೆ ಹೇಳುವ ಹೆಸರು

ಕ್ವಾಮಾಶು, ಡರ್ಬನ್
11 ಫೆಬ್ರವರಿ 2007

ಅಮ್ಮನಿಗೆ,

ನೀನು ಕಳಿಸಿದ ಕಂಬಳಿ ತಲುಪಿತು. ಈ ಸೆಖೆಯಲ್ಲಿ ಹೊದೆಯಲಾಗುವುದಿಲ್ಲ, ಆದರೆ ಅದಕ್ಕೆ ಬೇರೆ ಕೆಲಸ ಸಿಕ್ಕಿದೆ. ಸಮುದಾಯ ಭವನದ ಹಿಂದಿನ ಕೋಣೆಯಲ್ಲಿ ಗುಮೆಡೆ ಮೇಷ್ಟ್ರು ಕಂಪ್ಯೂಟರಿನಲ್ಲಿ ಹಾಡು ರೆಕಾರ್ಡ್ ಮಾಡುವುದನ್ನು ಕಲಿಸುತ್ತಾರೆ ಎಂದಿದ್ದೆನಲ್ಲ, ಆ ಕೋಣೆಗೆ ತಗಡಿನ ಚಾವಣಿ. ಬೀದಿಯಲ್ಲಿ ಟ್ಯಾಕ್ಸಿ ಹಾರ್ನ್ ಹೊಡೆದರೆ ಅದೂ ಹಾಡಿನೊಳಗೆ ಬಂದು ಕೂರುತ್ತದೆ. ಅದಕ್ಕೇ ಮೈಕು ಹಿಡಿದು ತಲೆತುಂಬ ಕಂಬಳಿ ಹೊದ್ದು ಹಾಡುತ್ತೇನೆ. ಹೊರಗೆ ಬರುವಷ್ಟರಲ್ಲಿ ಬೆವರಿನಲ್ಲೇ ಸ್ನಾನ ಮುಗಿದಿರುತ್ತದೆ.

ಏಳು ಹುಡುಗರು, ನಾನೊಬ್ಬಳು ಹುಡುಗಿ, ಎರಡು ಕಂಪ್ಯೂಟರ್. ಸ್ಕ್ರೀನಿನ ಮೇಲೆ ಒಂದರ ಕೆಳಗೊಂದು ಪಟ್ಟಿಗಳು. ಒಂದರಲ್ಲಿ ಡ್ರಮ್, ಒಂದರಲ್ಲಿ ಮೇಷ್ಟ್ರ ಗಿಟಾರ್, ಇನ್ನೊಂದರಲ್ಲಿ ನನ್ನ ದನಿ. ತಪ್ಪು ಹಾಡಿದರೆ ಅಷ್ಟನ್ನೇ ಕತ್ತರಿಸಿ ತೆಗೆದು, ಸರಿಯಾಗಿ ಹಾಡಿದ್ದನ್ನು ಅಲ್ಲಿ ಕೂರಿಸಬಹುದು. ನೀನು ಹರಿದ ಕಾಲರ್ ಬಿಚ್ಚಿ ಹೊಸದು ಹೊಲಿಯುವ ಹಾಗೆಯೇ.

ಮೊದಲ ವಾರವೇ ಬೈಸಿಕೊಂಡೆ. ನಮ್ಮವರ ಗಿಟಾರಿನ ಹಾಡು ಮಾಸ್ಕಂದಿ ಶುರುವಾಗುವಾಗ ಗಿಟಾರಿನವನು ತಾಳವಿಲ್ಲದೆ ಒಂದು ಸುತ್ತು ಬೆರಳು ಓಡಿಸುತ್ತಾನಲ್ಲ, ಅದನ್ನು ನಾನು ಜಾಣತನ ಮಾಡಿ ಕಂಪ್ಯೂಟರಿನ ತಾಳದ ಗೆರೆಗಳಿಗೆ ಸರಿಯಾಗಿ ಕೂರಿಸಿಬಿಟ್ಟೆ. ಮೇಷ್ಟ್ರು ಕೇಳಿ ಹೆಡ್‌ಫೋನ್ ಕಿತ್ತಿಟ್ಟರು. "ಏನವ್ವಾ ಇದು, ಹಾಡೋ ಪೊಲೀಸ್ ಪರೇಡೋ? ಅದು ಮನುಷ್ಯ ಹಾಸಿಗೆಯಿಂದ ಎದ್ದು ಬಾಗಿಲ ತನಕ ನಡ್ಕೊಂಡು ಬರೋದು ಕಣೇ. ಅದಕ್ಕೂ ಯಾರಾದ್ರೂ ತಾಳ ಹಾಕ್ತಾರಾ?" ಹುಡುಗರೆಲ್ಲ ನಕ್ಕರು.

ಈಗ ವಿಷಯಕ್ಕೆ ಬರುತ್ತೇನೆ. ಹಾಡಿನ ನಡುವೆ ಗಿಟಾರ್ ತಗ್ಗಿದಾಗ ಹಾಡುವವರು ಒಂದೇ ಉಸಿರಿಗೆ ತಮ್ಮ ಬಿರುದು ಹೇಳಬೇಕು. ತಾನು ಯಾರು, ಅಪ್ಪ ಯಾರು, ಯಾವ ಊರು, ಯಾವ ನದಿಯ ನೀರು ಕುಡಿದ ಕುಲ. ಅದಿಲ್ಲದ ಹಾಡನ್ನು ಮೇಷ್ಟ್ರು ಒಪ್ಪುವುದೇ ಇಲ್ಲ. "ಬಿರುದಿಲ್ಲದ ಹಾಡು ಕಿವಿಗೆ ಗುರುತು ಕುಯ್ಯದ ದನ ಇದ್ದಂಗೆ, ಯಾರು ಬೇಕಾದ್ರೂ ಹೊಡ್ಕೊಂಡು ಹೋಗ್ತಾರೆ" ಎನ್ನುತ್ತಾರೆ. ನನ್ನ ಬಳಿ ಇರುವುದು ಮೂರೇ ಮಾತು. ಅಪ್ಪ ಫಕಮಾನಿ ಸಿಥೋಲೆ, ಊರು ನ್ಕುತು, ನಾನು ಹುಟ್ಟುವ ಮೊದಲೇ ಗಣಿಯಲ್ಲಿ ಬಂಡೆ ಬಿದ್ದು ಸತ್ತ. ಮೂರು ಮಾತು ಎರಡು ಸೆಕೆಂಡಿಗೆ ಮುಗಿದುಹೋಗುತ್ತದೆ, ಹಾಡಿನಲ್ಲಿ ಇಪ್ಪತ್ತು ಸೆಕೆಂಡಿನ ಜಾಗವಿದೆ. ಇನ್ನೇನಾದರೂ ಬರೆ.

ನಿನ್ನ ಮಗಳು,
ಸಿಲಿಂಡಿಲೆ


ನ್ಯೂಕಾಸಲ್
4 ಮಾರ್ಚ್ 2007

ಮಗಳೇ,

ಪತ್ರ ಬಂದು ಎರಡು ವಾರವಾಯಿತು, ಬರೆಯಲು ಕೈಗೆ ಬಿಡುವಾಗಲಿಲ್ಲ. ಕಾರ್ಖಾನೆಯಲ್ಲಿ ಈಗ ಶಾಲೆಯ ಅಂಗಿಗಳ ಕೆಲಸ. ಕತ್ತು ನೋಯುತ್ತದೆ, ಬಿಸಿ ಇಟ್ಟಿಗೆಯನ್ನು ಬಟ್ಟೆಯಲ್ಲಿ ಸುತ್ತಿ ಇಟ್ಟುಕೊಳ್ಳುತ್ತೇನೆ. ಕೆಲಸದವರ ಹಾಸ್ಟೆಲಿನ ನಮ್ಮ ಕೋಣೆಗೆ ಹೊಸದಾಗಿ ಫಿಲಿಸಿವೆ ಎಂಬವಳು ಬಂದಿದ್ದಾಳೆ. ಅವಳ ಗೊರಕೆ ನಮ್ಮ ಮಷೀನುಗಳಿಗಿಂತ ಜೋರು.

ನೀನು ಕೇಳಿದ್ದರ ಬಗ್ಗೆ ಏನಿದೆ ಬರೆಯುವುದಕ್ಕೆ? ಒಳ್ಳೆಯವನು. ಎತ್ತರ ಇದ್ದ. ಸತ್ತವರನ್ನು ಮತ್ತೆ ಮತ್ತೆ ಎಬ್ಬಿಸಬಾರದು. ಪಟ್ಟಣದ ಹುಡುಗಿಯರು ಪ್ರೀತಿಯ ಹಾಡು ಹೇಳುತ್ತಾರೆ, ಕುಣಿಯುವ ಹಾಡು ಹೇಳುತ್ತಾರೆ, ಅದರಲ್ಲೆಲ್ಲ ಯಾರ ಅಪ್ಪನ ಹೆಸರು ಇರುತ್ತದೆ? ನೀನೂ ಅಂಥದ್ದೇ ಒಂದು ಮಾಡು.

ಕಂಬಳಿಯನ್ನು ಒಗೆದಿಡು. ಬೆವರಿಗೆ ಹುಳ ಬೀಳುತ್ತದೆ.

ನಿನ್ನ ಅಮ್ಮ


ಕ್ವಾಮಾಶು
20 ಮಾರ್ಚ್ 2007

ಅಮ್ಮನಿಗೆ,

ಕೇಳಿದ್ದು ಒಂದು, ಬಂದದ್ದು ಇಟ್ಟಿಗೆ ಮತ್ತು ಗೊರಕೆ. ಇರಲಿ. ನಾನೇ ಮಾಡಿ ಮುಗಿಸಿದೆ.

ಚಿಕ್ಕವಳಿದ್ದಾಗ ನೀನು ಒಮ್ಮೆ ಅಪ್ಪನ ಊರಿನವರು ಉಮ್ಜಿನ್ಯಾತಿ ನದಿಯ ನೀರು ಕುಡಿಯುತ್ತಾರೆ ಎಂದದ್ದು ನೆನಪಿಗೆ ಬಂತು. ಸಿಥೋಲೆಗಳ ಕುಲದ ಹೆಸರು ಜೋಬೆ ಎಂಬುದು ಮೇಷ್ಟ್ರಿಗೇ ಗೊತ್ತಿತ್ತು. ಅಷ್ಟು ಸಾಕಾಯಿತು. ಒಂದೇ ಉಸಿರಿಗೆ ಹೇಳಲು ಆಗದೆ ತುಂಡು ತುಂಡಾಗಿ ಹೇಳಿ, ನಡುವಿನ ಉಸಿರನ್ನೆಲ್ಲ ಕತ್ತರಿಸಿ ಜೋಡಿಸಿದೆ. ಮೇಷ್ಟ್ರು, "ಇದ್ಯಾರು, ಸತ್ತೋರು ಮಾತಾಡ್ತಿದಾರಾ? ಉಸಿರು ವಾಪಸ್ ಹಾಕು" ಎಂದರು. ಕಸಕ್ಕೆ ಹಾಕಿದ್ದ ಉಸಿರುಗಳನ್ನು ಒಂದೊಂದಾಗಿ ಹುಡುಕಿ ಅವುಗಳ ಜಾಗಕ್ಕೆ ತಂದಿಡಲು ಎರಡು ದಿನ ಹಿಡಿಯಿತು. ಈಗ ಹೀಗಿದೆ, ಕೇಳು:

"ಜೋಬೆ! ಕಿವಿಗೊಡಿ! ನಾನು ಸಿಲಿಂಡಿಲೆ, ನ್ಕುತುವಿನ ಫಕಮಾನಿ ಸಿಥೋಲೆಯ ಮಗಳು. ಉಮ್ಜಿನ್ಯಾತಿಯ ನೀರು ಕುಡಿದ ಕುಲ ನಮ್ಮದು. ಅಪ್ಪನನ್ನು ಬಂಡೆ ನುಂಗಿತು, ಹೆಸರನ್ನು ನುಂಗಲಾರದೆ ಉಗುಳಿತು!"

ಇದನ್ನು ಕೇಳಿದ ಮೇಲೆ ಹುಡುಗರು ನನ್ನನ್ನು ಮಾಸಿಥೋಲೆ ಎಂದೇ ಕರೆಯುತ್ತಿದ್ದಾರೆ, ಅಪ್ಪನ ಮನೆಯ ಹೆಸರಿಗೆ ‘ಮಾ’ ಸೇರಿಸಿ ದೊಡ್ಡ ಹೆಂಗಸರನ್ನು ಕರೆಯುವ ಹಾಗೆ. ನನಗೆ ಎಷ್ಟು ಸಂತೋಷವಾಗಿದೆ ಎಂದು ನಿನಗೆ ತಿಳಿಯದು. ಇನ್ನೊಂದು ಸುದ್ದಿ: ಪ್ರಾಂತ್ಯಕ್ಕೆಲ್ಲ ಕೇಳಿಸುವ ರೇಡಿಯೊದಲ್ಲಿ ಹೊಸಬರ ಹಾಡಿಗೆ ಒಂದು ಗಂಟೆ ಇದೆ. ಏಪ್ರಿಲ್ 28, ಶನಿವಾರ ಸಂಜೆ ನನ್ನ ಹಾಡು ಬರುತ್ತದೆ. ನ್ಕುತುವಿನಲ್ಲೂ ಕೇಳುತ್ತದೆ! ಅಪ್ಪನ ಕಡೆಯವರು ಯಾರಾದರೂ ಇದ್ದರೆ ನನ್ನನ್ನು ಹುಡುಕಿಕೊಂಡು ಬರಬಹುದು.

ನಿನ್ನ ಮಗಳು,
ಸಿಲಿಂಡಿಲೆ (ಮಾಸಿಥೋಲೆ!)


ನ್ಯೂಕಾಸಲ್
31 ಮಾರ್ಚ್ 2007

ಸಿಲಿಂಡಿಲೆ,

ಆ ಮಾತನ್ನು ಹಾಡಿನಿಂದ ತೆಗೆ.

ಮಾತು ಆಡಿದರೆ ಹೋಯಿತು, ಮುತ್ತು ಒಡೆದರೆ ಹೋಯಿತು ಎನ್ನುತ್ತಾರೆ. ನಿನ್ನ ಕಂಪ್ಯೂಟರಿನಲ್ಲಿ ಹಾಗಲ್ಲ, ಆಡಿದ್ದನ್ನೂ ಕತ್ತರಿಸಬಹುದು ಎಂದು ನೀನೇ ಬರೆದಿದ್ದೀಯ. ಹಾಗಿದ್ದರೆ ಕತ್ತರಿಸು. ಹಾಡು ಇರಲಿ, ಅಷ್ಟು ಮಾತ್ರ ಬೇಡ. ಯಾಕೆ ಎಂದು ಕೇಳಬೇಡ. ತೆಗೆದಾಯಿತು ಎಂದು ಒಂದು ಸಾಲು ಬರೆದು ಇಲ್ಲಿಗೆ ಜನ ತುಂಬಿಕೊಂಡು ಬರುವ ಟ್ಯಾಕ್ಸಿಯವರ ಕೈಲಿ ಕೊಟ್ಟು ಕಳಿಸು, ಅಂಚೆಗೆ ಹಾಕಬೇಡ, ತಡವಾಗುತ್ತದೆ.

ಅಮ್ಮ


ಕ್ವಾಮಾಶು
9 ಏಪ್ರಿಲ್ 2007

ಅಮ್ಮ,

ಮೂರು ಸಲ ನಿಮ್ಮ ಹಾಸ್ಟೆಲಿನ ಅಂಗಡಿಗೆ ಫೋನ್ ಮಾಡಿದೆ. ಎರಡು ಸಲ ನೀನು ಬರಲಿಲ್ಲ. ಮೂರನೆಯ ಸಲ ಬಂದು, "ಊಟ ಆಯ್ತಾ? ಅಲ್ಲಿ ಮಳೆ ಉಂಟಾ?" ಎಂದೆ. ನಾನು ಹಾಡಿನ ಮಾತು ಎತ್ತಿದ ಕೂಡಲೇ, "ಸರಿಯಾಗಿ ಕೇಳಿಸ್ತಾ ಇಲ್ಲ ಮಗಾ" ಎಂದು ನೀನು ಫೋನ್ ಇಟ್ಟುಬಿಟ್ಟೆ. ನನಗೆ ನಿನ್ನ ಉಸಿರು ಕೂಡ ಕೇಳಿಸುತ್ತಿತ್ತು. ಎರಡು ತಿಂಗಳಿಂದ ನಾನು ಕೇಳುತ್ತಿರುವುದೇ ಉಸಿರು, ಯಾವುದು ಓಡಿ ಬಂದದ್ದು, ಯಾವುದು ಹೆದರಿದ್ದು ಎಂದು ಈಗ ಗೊತ್ತಾಗುತ್ತದೆ.

ಸೀಡಿಯನ್ನು ಮೇಷ್ಟ್ರು ರೇಡಿಯೊದವರಿಗೆ ಕೊಟ್ಟಾಗಿದೆ. ಬದಲಾಯಿಸುವುದಿದ್ದರೆ 23ರ ಸೋಮವಾರದೊಳಗೆ ಎಂದಿದ್ದಾರೆ. ನಾನು ಬದಲಾಯಿಸಬೇಕಾದರೆ ನನಗೆ ಕಾರಣ ಬೇಕು. ಅಪ್ಪನ ಹೆಸರು ಹೇಳಲು ನಾಚಿಕೆಪಡುವಂಥದ್ದು ಏನಿದೆ?

ಸಿಲಿಂಡಿಲೆ


ನ್ಯೂಕಾಸಲ್
14 ಏಪ್ರಿಲ್ 2007

ಮಗಳೇ,

ಇದನ್ನು ಓದುವಾಗ ಪಕ್ಕದಲ್ಲಿ ಯಾರೂ ಇರಬಾರದು.

ಫಕಮಾನಿ ಸಿಥೋಲೆ ನಿನ್ನ ಅಪ್ಪನಲ್ಲ.

ಆಗ ನನಗೆ ಹತ್ತೊಂಬತ್ತು ವರ್ಷ. ಜೋಹಾನ್ಸ್‌ಬರ್ಗಿನಲ್ಲಿ ಗಣಿ ಕೆಲಸಗಾರರ ಹಾಸ್ಟೆಲಿನ ಗೇಟಿನ ಹೊರಗೆ ಮುದ್ದೆ, ಕಾಳಿನ ಸಾರು ಮಾಡಿ ಮಾರುತ್ತಿದ್ದೆ. ನಿನ್ನ ಹುಟ್ಟಿಗೆ ಕಾರಣನಾದವನು ನನ್ನ ಹೊಟ್ಟೆ ಕಾಣಿಸಿಕೊಂಡ ದಿನ ಹತ್ತು ಜನರ ಮುಂದೆ, "ನಂದಲ್ಲ, ಈ ಗೇಟಿನಲ್ಲಿ ಉಣ್ಣೋರನ್ನೆಲ್ಲ ಕೇಳು" ಎಂದು ಹೇಳಿ ಹೋದ. ಅವನ ಹೆಸರನ್ನು ಈ ಕಾಗದದ ಮೇಲೆ ಬರೆಯಲಾರೆ. ಆಮೇಲೆ ಯಾವಾಗಲಾದರೂ ಕೇಳು.

ಫಕಮಾನಿ ನನ್ನ ಬಳಿ ಉಣ್ಣುತ್ತಿದ್ದ ಗಿರಾಕಿ, ಅಷ್ಟೆ. ಉಂಡ ತಟ್ಟೆಯನ್ನು ತಾನೇ ತೊಳೆದು ಕೊಡುತ್ತಿದ್ದ ಒಬ್ಬನೇ ಗಂಡಸು. ತನ್ನ ಊರಿನ ಬಗ್ಗೆ, ನದಿಯ ಬಗ್ಗೆ, ಒಬ್ಬಳೇ ಇರುವ ತಾಯಿಯ ಬಗ್ಗೆ ಹೇಳುತ್ತಿದ್ದ. ಮದುವೆಯಾಗಿರಲಿಲ್ಲ. ಆ ಚಳಿಗಾಲದಲ್ಲಿ ಗಣಿ ಕುಸಿದು ಸತ್ತ. ಮುಂದಿನ ತಿಂಗಳು ನೀನು ಹುಟ್ಟಿದೆ. ಆಸ್ಪತ್ರೆಯ ಗುಮಾಸ್ತೆ ಪೆನ್ನು ಹಿಡಿದು, "ಮಗುವಿನ ಅಪ್ಪನ ಹೆಸರು? ಬೇಗ ಹೇಳಮ್ಮಾ, ಸಾಲು ಇದೆ" ಎಂದಳು. ಹಿಂದೆ ನಿಂತವರು ನೋಡುತ್ತಿದ್ದರು. ಬಾಯಿಗೆ ಫಕಮಾನಿಯ ಹೆಸರು ಬಂತು. ಸತ್ತವನು, "ನಂದಲ್ಲ" ಎನ್ನಲಾರ ಎಂಬ ಧೈರ್ಯ. ನಾನು ಒಂದು ಹೆಸರು ಕದ್ದೆ, ಸಿಲಿಂಡಿಲೆ. ಯಾರನ್ನೂ ಕೇಳಲಿಲ್ಲ, ಅವನ ಮನೆಗೆ ತಿಳಿಸಲಿಲ್ಲ. ಇಪ್ಪತ್ತು ವರ್ಷದಿಂದ ನ್ಕುತುವಿನ ಬಸ್ಸು ಕಂಡರೂ ಕುಂಬಳಕಾಯಿ ಕಳ್ಳನ ಹಾಗೆ ಹೆಗಲು ಮುಟ್ಟಿ ನೋಡಿಕೊಳ್ಳುತ್ತೇನೆ.

ಆ ತಾಯಿ ಬದುಕಿದ್ದರೆ ರೇಡಿಯೊದಲ್ಲಿ ನೀನು ಕೂಗುವುದನ್ನು ಕೇಳುತ್ತಾಳೆ. ಮಗನಿಗೆ ಒಬ್ಬಳು ಮಗಳಿದ್ದಾಳೆ ಎಂದು ಎದ್ದು ಬರುತ್ತಾಳೆ. ಬಂದವಳಿಗೆ ನಾನು, "ಇಲ್ಲಮ್ಮಾ, ಸುಳ್ಳು" ಎನ್ನಬೇಕು. ಒಂದು ಸಲ ಗಣಿ ಕೊಂದವನನ್ನು ಎರಡನೆಯ ಸಲ ನಾನು ಕೊಂದ ಹಾಗಾಗುತ್ತದೆ. ದಯವಿಟ್ಟು ತೆಗೆ ಮಗಳೇ. ಕಾಲಿಗೆ ಬೀಳುತ್ತೇನೆ.

ನಿನ್ನ ಅಮ್ಮ


ಕ್ವಾಮಾಶು
17 ಏಪ್ರಿಲ್

ಪತ್ರ ತಲುಪಿತು. ಈಗ ನಿನಗೆ ಏನೂ ಬರೆಯಲಾರೆ.

ಸಿ.


ನ್ಯೂಕಾಸಲ್
20 ಏಪ್ರಿಲ್ 2007

ಮಗಳೇ,

ದಿನಾ ಸಂಜೆ ಟ್ಯಾಕ್ಸಿ ನಿಲ್ದಾಣಕ್ಕೆ ಹೋಗಿ ಡರ್ಬನ್ನಿನಿಂದ ಬಂದ ಗಾಡಿಗಳನ್ನೆಲ್ಲ ಕೇಳುತ್ತಿದ್ದೇನೆ. "ಏನ್ ತಾಯಿ, ಬಂಗಾರ ಬರಬೇಕಿತ್ತಾ?" ಎಂದು ಚಾಲಕರು ನಗುತ್ತಾರೆ. ನಿನ್ನೆ ಎರಡು ಅಂಗಿಗೆ ಕಾಲರನ್ನು ಹಿಂದುಮುಂದಾಗಿ ಹೊಲಿದೆ. ನಿನ್ನ ಕೋಣೆಯ ಪಕ್ಕದವರಿಗೆ ಫೋನ್ ಮಾಡಿದರೆ, "ಸಿಲಿ ನಿನ್ನೇನೇ ಚೀಲ ಹಿಡ್ಕೊಂಡು ಎಲ್ಲಿಗೋ ಹೋದ್ಲು" ಎಂದರು. ಎಲ್ಲಿಗೆ ಹೋದೆ? ಬೈದಾದರೂ ಒಂದು ಸಾಲು ಬರೆ.

ಅಮ್ಮ


ಕ್ವಾಮಾಶು
22 ಏಪ್ರಿಲ್ 2007

ಅಮ್ಮನಿಗೆ,

ಬೈಯುವುದು ಬಾಕಿ ಇದೆ, ಅದನ್ನು ಎದುರಿಗೇ ಮಾಡುತ್ತೇನೆ. ಮೊದಲು ನಡೆದದ್ದು ಕೇಳು.

ನಿನ್ನ ಪತ್ರ ಓದಿದ ದಿನ ಭವನಕ್ಕೆ ಹೋಗಿ ನನ್ನ ಹಾಡು ತೆರೆದೆ. "ಮಗಳು" ಎಂಬ ಮಾತಿನ ಹಿಂದೆ ಮುಂದೆ ಗೆರೆ ಹಾಕಿ ಕತ್ತರಿಸಿದೆ. ಬಿರುದು ಕುಂಟಿತು. ಹಳೆಯ ತುಂಡುಗಳನ್ನೇ ಅತ್ತಿತ್ತ ಸರಿಸಿ ಬೇರೆ ಮಾತು ಕಟ್ಟಿದೆ. ಅಮ್ಮ, ನನ್ನದೇ ದನಿಯಲ್ಲಿ ನಾನು ಹೇಳದೇ ಇದ್ದದ್ದನ್ನು ಹೇಳಿಸುವುದು ಹತ್ತು ನಿಮಿಷದ ಕೆಲಸ. ಇನ್ನೊಂದು ಸುಳ್ಳು ಕಟ್ಟುವುದು ನನಗೆ ಬೇಡವಾಯಿತು. ಎಲ್ಲ ಹಾಗೇ ಬಿಟ್ಟು, ಮೇಷ್ಟ್ರ ಪುಟ್ಟ ಸೀಡಿ ಪ್ಲೇಯರ್ ಬೇಡಿ ತೆಗೆದುಕೊಂಡು ಗುರುವಾರ ನ್ಕುತುವಿಗೆ ಹೋದೆ.

ಸಿಥೋಲೆಗಳ ಮನೆ ಕೇಳುತ್ತಾ ಕೇಳುತ್ತಾ ಹೋದರೆ ಗುಡ್ಡದ ಮೇಲೆ ಎರಡು ಗುಡಿಸಲು. ಪದ್ಧತಿಯ ಹಾಗೆ ಬೇಲಿಯ ಹೊರಗೆ ನಿಂತು, "ಜೋಬೆ!" ಎಂದು ಕೂಗಿದೆ. ಅಜ್ಜಿ ಒಬ್ಬರು ಹೊರಗೆ ಬಂದು, "ಕೂಗೋ ದನಿ ನೋಡಿದ್ರೆ ಪಟ್ಟಣದ್ದು. ಬಾ ಒಳಗೆ" ಎಂದರು. ಫಕಮಾನಿಯ ತಾಯಿ, ಮಾಖೋಜಾ. ಬದುಕಿದ್ದಾರೆ.

ನಾನು ಹೇಗೆ ಹೇಳಲಿ ಎಂದು ತಿಳಿಯದೆ ಹೆಡ್‌ಫೋನನ್ನು ಅವರ ಕಿವಿಗಿಟ್ಟು ಕತ್ತರಿಸದ ಹಳೆಯ ಹಾಡನ್ನೇ ಹಾಕಿದೆ. ತನಗೆ ಕೇಳುತ್ತಿರುವುದು ಊರಿಗೆಲ್ಲ ಕೇಳುತ್ತಿದೆ ಎಂದುಕೊಂಡು ಅಜ್ಜಿ, "ಗಿಟಾರ್ ಚೆನ್ನಾಗಿದೆ! ಡ್ರಮ್ ಜಾಸ್ತಿ!" ಎಂದು ಕಿರುಚುತ್ತಿದ್ದರು. ಬಿರುದು ಮುಗಿದ ಕೂಡಲೇ ಹೆಡ್‌ಫೋನ್ ತೆಗೆದು ಮಡಿಲಲ್ಲಿಟ್ಟುಕೊಂಡು ನನ್ನ ಮುಖ ನೋಡಿದರು. ಆಗ ನಿನ್ನ ಪತ್ರದಲ್ಲಿದ್ದದ್ದನ್ನೆಲ್ಲ ಹೇಳಿದೆ.

ನೀನು ಹೆದರಿದ ಹಾಗೆ ಅಜ್ಜಿ ಆಸೆಪಟ್ಟು ಕುಸಿಯಲಿಲ್ಲ, ಅಮ್ಮ. ಸಿಟ್ಟಾದರು. "ನೀನು ಇದನ್ನ ಹೊಗಳಿಕೆ ಅಂದ್ಕೊಂಡ್ಯಾ? ಹುಡುಗಿಗೆ ಹೊಟ್ಟೆ ಮಾಡಿ, ಅವಳ ಮನೆಗೆ ತಪ್ಪಿಗೆ ಅಂತ ಒಂದು ಆಡೂ ಕಳಿಸದೆ, ಮಗೂನ ತನ್ನ ತಾಯಿ ಅಂಗಳಕ್ಕೆ ಕರ್ಕೊಂಡು ಬರದೆ ಸತ್ತ ಗಂಡಸು ಅಂತ ನನ್ನ ಮಗನ್ನ ರೇಡಿಯೊದಲ್ಲಿ ಸಾರ್ತಿದೀಯ! ಊರು ಏನಂದೀತು? ಅವನು ಅಂಥೋನಲ್ಲ!" ನಮಗಿಬ್ಬರಿಗೂ ಇದು ಹೊಳೆದೇ ಇರಲಿಲ್ಲ.

ಆಮೇಲೆ, "ಉಮ್ಜಿನ್ಯಾತಿ ಅಂದ್ನಾ?" ಎಂದು ಕೇಳಿದರು. ಹೌದು ಎಂದೆ. "ಆ ನದಿ ಇಲ್ಲಿಂದ ಅರ್ಧ ದಿನದ ದಾರಿ. ನಾವು ಕುಡಿಯೋದು ಅಗೋ ಆ ಹಳ್ಳದ ನೀರು, ಅದರಲ್ಲಿ ದನಾನೂ ಇಳೀತಾವೆ. ಜೋಹಾನ್ಸ್‌ಬರ್ಗಿಗೆ ಹೋಗಿ ನದಿ ನದಿ ಅಂತ ಕೊಚ್ಚಿಕೊಂಡಿದಾನೆ ಬಡ್ಡೀಮಗ!" ತಟ್ಟೆ ತೊಳೆದ ಸಂಗತಿ ಹೇಳಿದರೆ, "ಮನೇಲಿ ಒಂದಿನ ಲೋಟ ಎತ್ತಿಟ್ಟೋನಲ್ಲ" ಎಂದು ನಗಲು ಹೋಗಿ ಹೊದ್ದ ಶಾಲಿನಲ್ಲಿ ಮುಖ ಮುಚ್ಚಿಕೊಂಡರು. ಇಪ್ಪತ್ತು ವರ್ಷದಿಂದ ಮಗನ ಬಗ್ಗೆ ಅವರಿಗೆ ಯಾರೂ ಹೊಸ ಮಾತು ಹೇಳಿರಲಿಲ್ಲ.

ಹೊರಡುವಾಗ ಎರಡು ಮಾತು ಹೇಳಿದರು. ಒಂದು: "ಅಪ್ಪನ ಜಾಗದಿಂದ ಅವನನ್ನ ತೆಗಿ. ಆದ್ರೆ ಪೂರ್ತಿ ಅಳಿಸಬೇಡ. ಬಿರುದಿನಲ್ಲಿ ತಪ್ಪೂ ಹೇಳಬೇಕು, ಒಪ್ಪೂ ಹೇಳಬೇಕು. ಇದ್ದದ್ದು ಇದ್ದಂಗೆ ಹೇಳು." ಎರಡನೆಯದು ನಿನಗೆ: "ನಿಮ್ಮಮ್ಮನ್ನ ಕಳಿಸು. ಮಗಳನ್ನ ಮುಂದೆ ಬಿಟ್ಟು ತಾನು ಬಚ್ಚಿಟ್ಟುಕೊಳ್ಳೋದು ಸರಿಯಲ್ಲ. ಬಂದು ನನ್ನೆದುರಿಗೆ ಕೂತು ಹೇಳಲಿ."

ನಿನ್ನೆ ಹೊಸದಾಗಿ ರೆಕಾರ್ಡ್ ಮಾಡಿದೆ. ಯಾವ ತುಂಡನ್ನೂ ಕತ್ತರಿಸಲಿಲ್ಲ, ಉಸಿರು ಸಿಕ್ಕಿಕೊಂಡ ಕಡೆಯೂ ಹಾಗೇ ಇದೆ:

"ಕಿವಿಗೊಡಿ! ನಾನು ಸಿಲಿಂಡಿಲೆ, ಗಣಿಯ ಗೇಟಿನಲ್ಲಿ ಕಾಳು ಬೇಯಿಸಿದ ಖೆತಿವೆ ಜುಂಗುವಿನ ಮಗಳು. ಬೆತ್ತಲೆ ಹುಟ್ಟಿದ ನನಗೆ ಅಮ್ಮ ಒಂದು ಹೆಸರು ಕದ್ದು ಹೊದಿಸಿದಳು. ಅದು ನ್ಕುತುವಿನ ಫಕಮಾನಿ ಸಿಥೋಲೆಯದು. ನನ್ನ ಅಪ್ಪನಲ್ಲ ಅವನು. ಹಳ್ಳದ ನೀರು ಕುಡಿದು ನದಿಯ ನೀರೆಂದವನು, ಉಂಡ ತಟ್ಟೆ ತೊಳೆದು ಕೊಟ್ಟವನು. ಅವನ ಹೆಸರು ಅವನಿಗೇ ಇರಲಿ, ಜೋಬೆ!"

ಮೇಷ್ಟ್ರು ಕೇಳಿ ತಲೆ ಕೆರೆದುಕೊಂಡರು. "ಅಮ್ಮನ ಹೆಸರಲ್ಲಿ ಬಿರುದು ಹೇಳೋದನ್ನ ನಾನಂತೂ ಕೇಳಿಲ್ಲ. ನಿಮ್ಮಮ್ಮಂಗೆ ಗೊತ್ತಾ ಇದು?" ಎಂದರು. ಅದಕ್ಕೇ ಬರೆಯುತ್ತಿದ್ದೇನೆ. ಇದರಲ್ಲಿ ಇರುವುದು ನಿನ್ನ ಗುಟ್ಟು, ಊರಿಗೆಲ್ಲ ಕೇಳುತ್ತದೆ. ನಾಳೆ ಸೀಡಿ ಬದಲಾಯಿಸುತ್ತೇವೆ. ಹಾಡನ್ನೇ ಹಾಕಬೇಡಿ ಎನ್ನಲು ಶುಕ್ರವಾರದವರೆಗೂ ಸಮಯವಿದೆ. ನಿನಗೆ ಬೇಡವಾದರೆ ಬೇಡ ಎಂದು ಬರೆದು ಟ್ಯಾಕ್ಸಿಯವರ ಕೈಲಿ ಕೊಡು, ಹಿಂದಕ್ಕೆ ತೆಗೆದುಕೊಳ್ಳುತ್ತೇನೆ. ಸಿಟ್ಟು ಮಾಡುವುದಿಲ್ಲ.

ಸಿಲಿಂಡಿಲೆ


ನ್ಯೂಕಾಸಲ್
3 ಮೇ 2007

ಮಗಳೇ,

ಬೇಡ ಎಂದು ಬರೆದಿದ್ದೆ. ಬುಧವಾರ ಅದನ್ನು ಹಿಡಿದು ನಿಲ್ದಾಣಕ್ಕೆ ಹೋಗಿ ವಾಪಸ್ ಬಂದೆ. ಗುರುವಾರ ಮತ್ತೆ ಹೋದೆ. ಚಾಲಕ ಕೈ ಚಾಚಿ, "ಕೊಡಮ್ಮಾ, ಗಾಡಿ ತುಂಬ್ತು" ಎಂದ. ನನಗೆ ಕೊಡಲಾಗಲಿಲ್ಲ. ಅಷ್ಟು ದೊಡ್ಡ ಧೈರ್ಯವೇನೂ ಅಲ್ಲ. ಆ ಕಾಗದವನ್ನು ನೀನು ಬಿಚ್ಚಿ ಓದುವ ಹೊತ್ತಿನ ನಿನ್ನ ಮುಖ ಕಣ್ಣೆದುರು ಬಂತು, ಅಷ್ಟೆ.

ಶನಿವಾರ ಸಂಜೆ ರೇಡಿಯೊವನ್ನು ದಿಂಬಿನ ಕೆಳಗೆ ಸಣ್ಣಗೆ ಇಟ್ಟುಕೊಂಡಿದ್ದೆ. ಫಿಲಿಸಿವೆ, "ಯಾಕೆ ಕದ್ದು ಕೇಳ್ತೀಯಾ, ನಮಗೂ ಕಿವಿ ಉಂಟು" ಎಂದು ಎಳೆದು ಮೇಜಿನ ಮೇಲಿಟ್ಟು ಜೋರು ಮಾಡಿದಳು. ಕೋಣೆಯಲ್ಲಿ ಆರು ಹೆಂಗಸರು. ನಿನ್ನ ದನಿ ಬಂತು. ಗಿಟಾರ್ ತಗ್ಗಿತು. ಎಲ್ಲವನ್ನೂ ಕೇಳಿದೆ, ನೀನು ಉಸಿರು ಎಳೆದುಕೊಂಡದ್ದನ್ನೂ ಕೇಳಿದೆ. ಹಾಡು ಮುಗಿದ ಮೇಲೆ ಒಬ್ಬಳು, "ಖೆತಿವೆ ಜುಂಗು ಅಂದ್ರಲ್ಲ, ಅದ್ಯಾವ ಖೆತಿವೇನೋ ಪಾಪ" ಎಂದಳು.

"ನಾನೇ" ಎಂದೆ.

ಫಿಲಿಸಿವೆ ರೇಡಿಯೊ ಸಣ್ಣಗೆ ಮಾಡಿ, "ಆ ಕಾಳಿಗೆ ಈರುಳ್ಳಿ ಹಾಕ್ತಿದ್ಯಾ, ಹಂಗೇ ಬೇಯಿಸ್ತಿದ್ಯಾ?" ಎಂದು ಕೇಳಿದಳು. ಹಾಕುತ್ತಿದ್ದೆ ಎಂದೆ. ಈಗ ಬೆನ್ನ ಹಿಂದೆ ಏನು ಆಡಿಕೊಳ್ಳುತ್ತಾರೋ ತಿಳಿಯದು. ಎದುರಿಗಂತೂ ಯಾರೂ ಏನೂ ಅಂದಿಲ್ಲ.

ಬರುವ ಭಾನುವಾರ ನ್ಕುತುವಿಗೆ ಹೋಗುತ್ತಿದ್ದೇನೆ. ಹೇಳಬೇಕಾದ ಮಾತೆಲ್ಲ ಗಟ್ಟಿ ಮಾಡಿಕೊಂಡಿದ್ದೇನೆ, ಅದರ ಭಯವಿಲ್ಲ. ಬೇಲಿಯ ಹೊರಗೆ ನಿಲ್ಲುವುದರದ್ದೇ ಭಯ. ಅಲ್ಲಿ ನಿಂತು ಮೊದಲು ಅವರ ಕುಲದ ಹೆಸರು ಕೂಗಬೇಕಲ್ಲ. ಇಪ್ಪತ್ತು ವರ್ಷ ಸಿಥೋಲೆ ಎಂದು ನಿನ್ನ ಶಾಲೆಯ ಅರ್ಜಿಗಳಲ್ಲಿ ಬರೆದೆ, ಜೋಬೆ ಎಂದು ಒಮ್ಮೆಯೂ ಬಾಯಿಬಿಟ್ಟು ಕೂಗಿಲ್ಲ. ನಿನ್ನೆ ಎಲ್ಲ ಮಷೀನುಗಳೂ ಓಡುತ್ತಿರುವಾಗ ಯಾರಿಗೂ ಕೇಳದ ಹಾಗೆ ಕೂಗಿ ನೋಡಿದೆ, ದನಿ ಅರ್ಧಕ್ಕೇ ಒಡೆಯಿತು. ನಿನ್ನ ಹಾಗೆ ಅಳಿಸಿ ಇನ್ನೊಮ್ಮೆ ಹೇಳಲು ನನಗೆ ಆಗುವುದಿಲ್ಲ. ಒಡೆದ ದನಿಯಲ್ಲೇ ಒಂದು ಸಲ ಕೂಗುತ್ತೇನೆ. ಆಮೇಲೆ ಒಳಗಿನಿಂದ ಬಾ ಎನ್ನುವ ತನಕ ಅಲ್ಲೇ ನಿಂತಿರುತ್ತೇನೆ, ಸಂಜೆಯಾದರೂ ಸರಿ.

ನಿನ್ನ ಅಮ್ಮ,
ಖೆತಿವೆ ಜುಂಗು